ವಿಕಲಚೇತನ ನೌಕರರ ಮುಂಬಡ್ತಿ ಮೀಸಲಾತಿ: ರೋಸ್ಟರ್ ವಹಿಯಿಂದ ನ್ಯಾಯಮಂಡಳಿಯವರೆಗೆ

ಮುಂಬಡ್ತಿಯಲ್ಲಿ ವಿಕಲಚೇತನರಿಗೆ ಮೀಸಲಾತಿ ಉಂಟೇ ಎಂಬ ಪ್ರಶ್ನೆಯನ್ನು ಸುಪ್ರೀಂ ಕೋರ್ಟ್ ತೀರ್ಮಾನಿಸಿ ವರ್ಷಗಳೇ ಆದವು. ಆದರೂ ಇಂಥ ಅರ್ಜಿಗಳು ವಜಾ ಆಗುತ್ತಲೇ ಇವೆ. ಕಾರಣ ನೋಡಿದರೆ ಹೆಚ್ಚಿನವು ಕಾಲಮಿತಿ ಮೀರಿದ್ದು, ಇಲ್ಲವೇ ಯಾವ ಹುದ್ದೆ, ಯಾವ ದಿನ, ರೋಸ್ಟರಿನ (ತುಂಬುವ ಹುದ್ದೆಗಳಲ್ಲಿ ಯಾವುದು ಮೀಸಲು ಎಂದು ಕ್ರಮಸಂಖ್ಯೆಯಲ್ಲಿ ತೋರಿಸುವ ಪಟ್ಟಿಯ) ಯಾವ ಬಿಂದು, ಅಂದರೆ ಯಾವ ಕ್ರಮಸಂಖ್ಯೆ, ಎಂದು ಹೇಳದೆ ಬರೀ ತತ್ವ ಹೇಳಿದ್ದು. ಹಾಗಾಗಿ ತೀರ್ಪುಗಳಿಗೆ ಇಲ್ಲಿ ಬೇಕಾದಷ್ಟೇ ಜಾಗ ಕೊಟ್ಟು, ಕಾಗದ ಮತ್ತು ಲೆಕ್ಕದ ಕೆಲಸವನ್ನು ವಿವರವಾಗಿ ಹೇಳಿದ್ದೇವೆ.

ನಿಮ್ಮ ದೂರು ಯಾವುದು ಎಂದು ಮೊದಲು ಗೊತ್ತುಮಾಡಿಕೊಳ್ಳಿ

ಎರಡು ಬಗೆಯ ದೂರುಗಳಿವೆ. ಒಂದು: ಜ್ಯೇಷ್ಠತೆಯಲ್ಲಿ ನಿಮ್ಮ ಸರದಿ ಬಂದಿತ್ತು, ಅರ್ಹತೆಯೂ ಇತ್ತು, ಆದರೆ ‘ಈ ಹುದ್ದೆಗೆ ಓಡಾಟ ಜಾಸ್ತಿ, ಇವರಿಂದ ಆಗದು’ ಎಂದು ಬಿಟ್ಟರು. ಇದು ತಾರತಮ್ಯ. 2016ರ ವಿಕಲಚೇತನ ವ್ಯಕ್ತಿಗಳ ಹಕ್ಕುಗಳ ಅಧಿನಿಯಮದ ಕಲಂ 20(3) ಇದನ್ನು ನೇರವಾಗಿ ನಿಷೇಧಿಸುತ್ತದೆ. ಹಳೆಯ 1995ರ ಅಧಿನಿಯಮದ ಕಲಂ 47(2)ರಲ್ಲೂ ಇದೇ ಮಾತು ಇತ್ತು. ಇಲ್ಲಿ ರೋಸ್ಟರ್ ಬೇಕಿಲ್ಲ, ಮೀಸಲಾತಿಯ ಮಾತೂ ಬೇಕಿಲ್ಲ.

ಎರಡು: ಜ್ಯೇಷ್ಠತೆಯಲ್ಲಿ ನೀವು ಕೆಳಗಿದ್ದೀರಿ, ಆದರೆ ವಿಕಲಚೇತನರಿಗೆ ಮೀಸಲಿಡಬೇಕಿದ್ದ ಹುದ್ದೆಯನ್ನು ಇಲಾಖೆ ಮೀಸಲಿಡದೆ ಸಾಮಾನ್ಯ ಸರದಿಯಲ್ಲಿ ತುಂಬಿಬಿಟ್ಟಿತು. ಇದು ಕಲಂ 34ರ ದೂರು. ಇದರಲ್ಲಿ ಗೆಲ್ಲಬೇಕಾದರೆ ಮೀಸಲು ಹುದ್ದೆ ಹುಟ್ಟಿದ ದಿನಾಂಕವನ್ನು ನೀವೇ ತೋರಿಸಬೇಕು.

ಎರಡನ್ನೂ ಒಂದೇ ಅರ್ಜಿಯಲ್ಲಿ ಕಲಸಿದರೆ ಎರಡೂ ತೆಳುವಾಗುತ್ತವೆ. ಸರದಿ ಬಂದಿದ್ದವರು ಮೀಸಲಾತಿ ಕೇಳಿದರೆ ಇಲಾಖೆ ‘ರೋಸ್ಟರ್ ಬಿಂದು ಬಂದಿಲ್ಲ’ ಎಂದು ಸುಲಭವಾಗಿ ಜಾರಿಕೊಳ್ಳುತ್ತದೆ. ಎರಡೂ ನಿಜವಾಗಿ ಇದ್ದರೆ ತಾರತಮ್ಯವನ್ನು ಮುಖ್ಯ ಕೋರಿಕೆ ಮಾಡಿ, ಮೀಸಲಾತಿಯನ್ನು ಪರ್ಯಾಯ ಕೋರಿಕೆಯಾಗಿ ಇಡಿ.

ಯಾವ ತೀರ್ಪು ಯಾವ ಕೆಲಸಕ್ಕೆ

ನಾಲ್ಕೈದು ತೀರ್ಪು ಸಾಕು. ಇಪ್ಪತ್ತು ತೀರ್ಪು ಲಗತ್ತಿಸಿದ ಅರ್ಜಿಯನ್ನು ಯಾರೂ ಪೂರ್ತಿ ಓದುವುದಿಲ್ಲ.

2013ರ ನ್ಯಾಷನಲ್ ಫೆಡರೇಶನ್ ಆಫ್ ದಿ ಬ್ಲೈಂಡ್ ಪ್ರಕರಣ ಲೆಕ್ಕದ ಬುಡ. ಶೇಕಡಾವಾರನ್ನು ವಿಕಲಚೇತನರಿಗೆ ಸೂಕ್ತವೆಂದು ಗುರುತಿಸಿದ ಹುದ್ದೆಗಳ ಮೇಲೆ ಮಾತ್ರವಲ್ಲ, ವೃಂದಬಲದ (ಒಂದೇ ದರ್ಜೆಯ ಹುದ್ದೆಗಳ ಗುಂಪಿನ) ಒಟ್ಟು ಖಾಲಿ ಹುದ್ದೆಗಳ ಮೇಲೆ ಹಾಕಬೇಕು ಎಂದು ಅದು ಹೇಳಿತು. ಒಟ್ಟು ಮೀಸಲಾತಿಗೆ ಇರುವ ಶೇ 50ರ ಮಿತಿ ಈ ಮೀಸಲಾತಿಗೆ ಅಡ್ಡಬರುವುದಿಲ್ಲ ಎಂದೂ ಹೇಳಿತು.

2016ರ ಜೂನ್ 30ರ ರಾಜೀವ್ ಕುಮಾರ್ ಗುಪ್ತಾ ತೀರ್ಪು ಪ್ರಸಾರ ಭಾರತಿಯ ಎಂಜಿನಿಯರುಗಳದು. ಅಲ್ಲಿ ಕೆಲವು ಮೇಲ್ದರ್ಜೆ ಹುದ್ದೆಗಳನ್ನು ಮುಂಬಡ್ತಿಯಿಂದಲೇ ತುಂಬುತ್ತಿದ್ದುದರಿಂದ ವಿಕಲಚೇತನರಿಗೆ ಅಲ್ಲಿ ಮೀಸಲಾತಿಯೇ ಸಿಗುತ್ತಿರಲಿಲ್ಲ. ಹುದ್ದೆಯನ್ನು ಯಾವ ವಿಧಾನದಿಂದ ತುಂಬಿದರೂ ಮೀಸಲಾತಿ ಕೊಡಬೇಕು ಎಂದು ನ್ಯಾಯಾಲಯ ಹೇಳಿತು. ಇಂದ್ರಾ ಸಾಹ್ನಿ ಪ್ರಕರಣದಲ್ಲಿ ಮುಂಬಡ್ತಿ ಮೀಸಲಾತಿಗೆ ಹಾಕಿದ ತಡೆ ಜಾತಿ ಆಧಾರಿತ ಮೀಸಲಾತಿಗೆ ಸಂಬಂಧಿಸಿದ್ದು, ಇದಕ್ಕಲ್ಲ ಎಂಬುದು ಅದರ ತಿರುಳು.

ಅದನ್ನು ಮೂವರು ನ್ಯಾಯಮೂರ್ತಿಗಳ ಪೀಠ ಎತ್ತಿಹಿಡಿದದ್ದು ನಮ್ಮ ರಾಜ್ಯದಿಂದ ಹೋದ ಪ್ರಕರಣದಲ್ಲೇ: ಸಿದ್ದರಾಜು ವಿರುದ್ಧ ಕರ್ನಾಟಕ ರಾಜ್ಯ, 2020ರ ಜನವರಿ 14. ಕರ್ನಾಟಕದ ನೌಕರರು ಮೊದಲು ಲಗತ್ತಿಸಬೇಕಾದದ್ದು ಇದನ್ನೇ.

2021ರ ಜೂನ್ 28ರ ಲೀಸಮ್ಮ ಜೋಸೆಫ್ ತೀರ್ಪು (ಕೇರಳದ್ದು) ಎರಡು ಕೆಲಸಕ್ಕೆ ಬರುತ್ತದೆ. ನೌಕರಿಗೆ ಸೇರಿದ್ದು ವಿಕಲಚೇತನ ಕೋಟಾದಡಿ ಅಲ್ಲದಿದ್ದರೂ, ಅನುಕಂಪದ ಆಧಾರದಲ್ಲಿ ಸೇರಿದ್ದರೂ ಮುಂಬಡ್ತಿ ಮೀಸಲಾತಿ ಸಿಗುತ್ತದೆ. ನೇಮಕಾತಿ ನಿಯಮಗಳಲ್ಲಿ ಅದರ ಉಲ್ಲೇಖ ಇಲ್ಲ ಎಂಬುದು ನೆಪವಾಗದು.

ಬಾಕಿ ವೇತನದ ಮಾತಿಗೆ 2023ರ ರಿಸರ್ವ್ ಬ್ಯಾಂಕ್ ವಿರುದ್ಧ ಎ.ಕೆ. ನಾಯರ್ ತೀರ್ಪು ಇಟ್ಟುಕೊಳ್ಳಿ. ಅಲ್ಲಿ ನೌಕರ ಹೈಕೋರ್ಟಿನಲ್ಲಿ ರಿಟ್ ಅರ್ಜಿ ಹಾಕಿದ ದಿನದಿಂದ, ಅಂದರೆ 2006ರ ಸೆಪ್ಟೆಂಬರ್ 27ರಿಂದ, ಕಾಲ್ಪನಿಕ ಮುಂಬಡ್ತಿ (ಹಿಂದಿನ ದಿನಾಂಕದಿಂದ ಲೆಕ್ಕಕ್ಕೆ ಮಾತ್ರ ಹಿಡಿಯುವ, ಬಾಕಿ ವೇತನವಿಲ್ಲದ ಮುಂಬಡ್ತಿ) ಸಿಕ್ಕಿತು. ಹಣದ ಲಾಭ 2014ರ ಸೆಪ್ಟೆಂಬರ್ 15ರಿಂದ. ಅರ್ಜಿ ಹಾಕುವುದು ತಡವಾದಷ್ಟೂ ಏನು ಕಳೆದುಕೊಳ್ಳುತ್ತೀರಿ ಎಂಬುದಕ್ಕೆ ಈ ದಿನಾಂಕಗಳೇ ಸಾಕ್ಷಿ.

ಕೇಂದ್ರ ನೌಕರರಿಗೆ ಒಂದು ದಾರಿ, ರಾಜ್ಯ ನೌಕರರಿಗೆ ಇನ್ನೊಂದು

2016ರ ಅಧಿನಿಯಮ ಜಾರಿಗೆ ಬಂದದ್ದು 2017ರ ಏಪ್ರಿಲ್ 19ರಂದು. ಹುದ್ದೆ ಅದಕ್ಕೂ ಮೊದಲು ತೆರವಾಗಿದ್ದರೆ 1995ರ ಅಧಿನಿಯಮ, ಶೇ 3. ನಂತರದ್ದಾದರೆ ಕಲಂ 34, ಕನಿಷ್ಠ ಶೇ 4: ಅಂಧತ್ವ ಮತ್ತು ಮಂದದೃಷ್ಟಿಗೆ 1, ಶ್ರವಣದೋಷಕ್ಕೆ 1, ಚಲನವೈಕಲ್ಯಕ್ಕೆ 1 (ಮಿದುಳಿನ ಪಾರ್ಶ್ವವಾಯು, ಕುಬ್ಜತೆ, ಆಸಿಡ್ ದಾಳಿಗೆ ತುತ್ತಾದವರು, ಕುಷ್ಠರೋಗದಿಂದ ಗುಣಮುಖರಾದವರು, ಸ್ನಾಯುಕ್ಷಯ ಸೇರಿ), ಆಟಿಸಂ, ಬೌದ್ಧಿಕ ವೈಕಲ್ಯ, ಕಲಿಕಾ ನ್ಯೂನತೆ, ಮಾನಸಿಕ ಕಾಯಿಲೆ ಹಾಗೂ ಬಹುವಿಧ ವೈಕಲ್ಯಕ್ಕೆ ಸೇರಿ 1. ವೈಕಲ್ಯ ಶೇ 40ಕ್ಕೆ ಕಡಿಮೆ ಇರಬಾರದು.

ಕಲಂ 34ಕ್ಕೆ ಒಂದು ಪರಂತುಕ (ಷರತ್ತು) ಇದೆ. ಮುಂಬಡ್ತಿಯ ಮೀಸಲಾತಿ ‘ಸಂಬಂಧಪಟ್ಟ ಸರ್ಕಾರ’ ಕಾಲಕಾಲಕ್ಕೆ ಹೊರಡಿಸುವ ಸೂಚನೆಗಳಂತೆ ನಡೆಯಬೇಕು. ಅರ್ಧಕ್ಕರ್ಧ ಜಗಳ ಹುಟ್ಟುವುದು ಇಲ್ಲೇ. ಸೂಚನೆ ಹೊರಡಿಸಲು ಸುಪ್ರೀಂ ಕೋರ್ಟ್ 2021ರ ಸೆಪ್ಟೆಂಬರ್ 28ರಂದು ಕೇಂದ್ರಕ್ಕೆ ನಾಲ್ಕು ತಿಂಗಳ ಗಡುವು ಕೊಟ್ಟಿತು. 2022ರ ಮೇ 17ರಂದು ಕೇಂದ್ರದ ಸಿಬ್ಬಂದಿ ಮತ್ತು ತರಬೇತಿ ಇಲಾಖೆಯ ಜ್ಞಾಪನ ಬಂತು. ಗ್ರೂಪ್ ಸಿ ಒಳಗೆ, ಸಿಯಿಂದ ಬಿಗೆ, ಬಿ ಒಳಗೆ, ಬಿಯಿಂದ ಗ್ರೂಪ್ ಎಯ ತೀರಾ ಕೆಳಗಿನ ಮೆಟ್ಟಿಲಿಗೆ, ಇಷ್ಟಕ್ಕೆ ಮೀಸಲಾತಿ ಉಂಟು. ನೇರ ನೇಮಕಾತಿಯ ಪಾಲು ಶೇ 75 ಮೀರದ ವೃಂದಗಳಿಗೆ ಮಾತ್ರ ಇದು ಅನ್ವಯ. 2023ರ ಡಿಸೆಂಬರ್ 28ರ ಜ್ಞಾಪನದಲ್ಲಿ 2016ರ ಜೂನ್ 30ರಿಂದಲೇ ಕಾಲ್ಪನಿಕ ಲಾಭಕ್ಕೆ ದಾರಿ ಮಾಡಿಕೊಟ್ಟರು, ವೇತನದ ಲಾಭ ಮಾತ್ರ ಅಧಿಕಾರ ವಹಿಸಿಕೊಂಡ ದಿನದಿಂದ. ಗ್ರೂಪ್ ಎಯ ಒಳಗೇ ಮೇಲಿನ ಹುದ್ದೆಗೆ ಹೋಗಬೇಕಾದ ಅಧಿಕಾರಿಗಳಿಗೆ ಈ ಜ್ಞಾಪನದಲ್ಲಿ ಏನೂ ಇಲ್ಲ.

ರಾಜ್ಯ ನೌಕರರು ಈ ಜ್ಞಾಪನಗಳನ್ನು ತಮ್ಮ ಹಕ್ಕಿನ ಮೂಲ ಎಂದು ತೋರಿಸಬಾರದು. ಅವರ ಮಟ್ಟಿಗೆ ‘ಸಂಬಂಧಪಟ್ಟ ಸರ್ಕಾರ’ ರಾಜ್ಯ ಸರ್ಕಾರವೇ. ಕೇಂದ್ರದ ಜ್ಞಾಪನವನ್ನು ಮಾದರಿಯಾಗಿ ತೋರಿಸಬಹುದು, ಅಷ್ಟೇ. ನೀವು ಹಿಡಿಯಬೇಕಾದದ್ದು ಅಧಿನಿಯಮ, ಸಿದ್ದರಾಜು ಮತ್ತು ಲೀಸಮ್ಮ ತೀರ್ಪುಗಳು, ಹಾಗೂ ನಮ್ಮ ಸಿಬ್ಬಂದಿ ಮತ್ತು ಆಡಳಿತ ಸುಧಾರಣೆ ಇಲಾಖೆಯ (ಡಿಪಿಎಆರ್) ಆದೇಶ, ಸುತ್ತೋಲೆಗಳು. ನಿಮ್ಮ ಹುದ್ದೆಗೆ ಅನ್ವಯವಾಗುವ ಸೂಚನೆ ಇಲ್ಲ ಎಂದು ಇಲಾಖೆ ಹಿಂಬರಹ ಕೊಟ್ಟರೆ ಅದನ್ನೇ ಪ್ರಶ್ನಿಸಿ: ಸರ್ಕಾರ ಸೂಚನೆ ಹೊರಡಿಸದೆ ಕೂತದ್ದು ನೌಕರನ ಹಕ್ಕನ್ನು ನುಂಗಲು ಕಾರಣವಾಗಬಾರದು. ಸೂಚನೆ ಹೊರಡಿಸಲು ಗಡುವು ಹಾಕಿ ಎಂಬ ಕೋರಿಕೆಯನ್ನೂ ಸೇರಿಸಿ.

ಕಾಗದ ಕೂಡಿಸುವುದು

ಇಲಾಖೆಗೆ ಮನವಿ ಕೊಡುವುದಕ್ಕೂ ಮೊದಲು ಮಾಹಿತಿ ಹಕ್ಕಿನಡಿ ಅರ್ಜಿ ಹಾಕಿ. ಕರ್ನಾಟಕದ ನಿಯಮದಂತೆ ಒಂದು ಅರ್ಜಿಯಲ್ಲಿ ಒಂದೇ ವಿಷಯ ಇರಬೇಕು, ಸಾಮಾನ್ಯವಾಗಿ 150 ಪದ ಮೀರಬಾರದು. ಎಲ್ಲವನ್ನೂ ಒಂದರಲ್ಲೇ ತುರುಕಿದರೆ ಇದೇ ಕಾರಣಕ್ಕೆ ಹಿಂದಿರುಗಿಸುತ್ತಾರೆ. ಕೇಂದ್ರ ಕಚೇರಿಗಳಿಗೆ ಮಿತಿ 500 ಪದ. ಶುಲ್ಕ ಎರಡೂ ಕಡೆ 10 ರೂಪಾಯಿ. ಉತ್ತರಕ್ಕೆ 30 ದಿನ, ಆಮೇಲೆ 30 ದಿನದೊಳಗೆ ಮೊದಲ ಮೇಲ್ಮನವಿ. ಬೇರೆ ಬೇರೆ ಅರ್ಜಿಗಳಲ್ಲಿ ಇವನ್ನು ಕೇಳಿ:

– ನಿಮ್ಮ ವೃಂದದಿಂದ ಮೇಲಿನ ವೃಂದಕ್ಕೆ ಮುಂಬಡ್ತಿಯ ವಿಕಲಚೇತನ ರೋಸ್ಟರ್ ವಹಿಯ ದೃಢೀಕೃತ ನಕಲು, 2016ರಿಂದ ಇಂದಿನವರೆಗೆ.
– ಮೇಲಿನ ವೃಂದದ ಮಂಜೂರಾದ ಹುದ್ದೆ, ನೇರ ನೇಮಕಾತಿ ಮತ್ತು ಮುಂಬಡ್ತಿಯ ಪ್ರಮಾಣ, ಮುಂಬಡ್ತಿ ಪಾಲಿನ ಹುದ್ದೆಗಳು ತೆರವಾದ ದಿನಾಂಕಗಳು.
– ಪ್ರತಿ ಇಲಾಖಾ ಮುಂಬಡ್ತಿ ಸಮಿತಿಯ ನಡವಳಿ.
– ಅಂತಿಮ ಜ್ಯೇಷ್ಠತಾ ಪಟ್ಟಿ ಮತ್ತು ಅದನ್ನು ಪ್ರಕಟಿಸಿದ ದಿನಾಂಕ.
– ಮೇಲಿನ ಹುದ್ದೆಯನ್ನು ಯಾವ ಬಗೆಯ ವಿಕಲಚೇತನರಿಗೆ ಗುರುತಿಸಲಾಗಿದೆ ಎಂಬ ಅಧಿಸೂಚನೆ, ಅಥವಾ ವಿನಾಯಿತಿ ಪಡೆದಿದ್ದರೆ ಆ ವಿನಾಯಿತಿಯ ಅಧಿಸೂಚನೆ.

ಕೊನೆಯದನ್ನು ಮರೆಯಬೇಡಿ. ಯಾವುದೇ ಕಚೇರಿಯನ್ನು ಮೀಸಲಾತಿಯಿಂದ ಹೊರಗಿಡಬೇಕಾದರೆ ಸರ್ಕಾರ ವಿಕಲಚೇತನರ ಆಯುಕ್ತರೊಂದಿಗೆ ಸಮಾಲೋಚಿಸಿ ಅಧಿಸೂಚನೆ ಹೊರಡಿಸಬೇಕು ಎಂದು ಕಲಂ 34 ಹೇಳುತ್ತದೆ. ಮುಖ್ಯಸ್ಥರ ಟಿಪ್ಪಣಿ ಸಾಲದು.

ಇತರರ ಕಾರ್ಯನಿರ್ವಹಣಾ ವರದಿ ಕೇಳಬೇಡಿ. ಅದು ವೈಯಕ್ತಿಕ ಮಾಹಿತಿ ಎಂದು ತಿರಸ್ಕಾರವಾಗುತ್ತದೆ, ಜೊತೆಗೆ ಕೇಳಿದ್ದ ಉಳಿದ ದಾಖಲೆಯೂ ತಡವಾಗುತ್ತದೆ. ‘ರೋಸ್ಟರ್ ವಹಿ ನಿರ್ವಹಿಸಿಲ್ಲ’ ಎಂಬ ಉತ್ತರ ಬಂದರೆ ಬೇಸರ ಬೇಡ. ಮೀಸಲಾತಿಯನ್ನು ಲೆಕ್ಕ ಹಾಕಿಯೇ ಇಲ್ಲ ಎಂದು ಇಲಾಖೆಯೇ ಬರೆದುಕೊಟ್ಟಂತಾಯಿತು.

ನಿಮ್ಮ ಕಡೆಯ ಕಾಗದದಲ್ಲಿ ಮುಖ್ಯವಾದದ್ದು ವೈಕಲ್ಯ ಪ್ರಮಾಣಪತ್ರ ಮತ್ತು ಯುಡಿಐಡಿ ಕಾರ್ಡ್ (ವಿಕಲಚೇತನರ ವಿಶಿಷ್ಟ ಗುರುತಿನ ಚೀಟಿ). ಪ್ರಮಾಣಪತ್ರದ ದಿನಾಂಕ ಸಮಿತಿ ಸಭೆಗಿಂತ ಹಿಂದಿನದಾಗಿರಲಿ, ಸೇವಾ ಪುಸ್ತಕದಲ್ಲಿ ನಮೂದಾಗಿರಲಿ. ಸೇವೆಯಲ್ಲಿದ್ದಾಗ ವೈಕಲ್ಯ ಬಂದವರು ಪ್ರಮಾಣಪತ್ರವನ್ನು ಬೀರುವಿನಲ್ಲಿಟ್ಟುಕೊಂಡು, ಮುಂಬಡ್ತಿ ಪಟ್ಟಿ ಹೊರಬಿದ್ದ ಮೇಲೆ ತೋರಿಸುವುದು ಸಾಮಾನ್ಯ. ಸಮಿತಿಯ ಮುಂದೆ ಇರದ ಕಾಗದದ ಮೇಲೆ ಸಮಿತಿಯನ್ನು ತಪ್ಪಿತಸ್ಥ ಮಾಡಲಾಗದು. ಕೈಗೆ ಬಂದ ವಾರದಲ್ಲೇ ಮುಖಪತ್ರದೊಂದಿಗೆ ಸಲ್ಲಿಸಿ, ಆವಕ ಸಂಖ್ಯೆ ಮತ್ತು ಮೊಹರು ಇರುವ ಪ್ರತಿ ಇಟ್ಟುಕೊಳ್ಳಿ. ಪ್ರತಿಸ್ಪರ್ಧಿಗಳ ದೂರಿನ ಮೇಲೆ ಇಲಾಖೆ ಮರುಪರೀಕ್ಷೆಗೆ ವೈದ್ಯಕೀಯ ಮಂಡಳಿಗೆ ಕಳುಹಿಸಿದರೆ ಹೋಗಿ ಬನ್ನಿ. ಹೋಗದಿದ್ದರೆ ಅದನ್ನೇ ನಿಮ್ಮ ವಿರುದ್ಧ ಷರಾ ಬರೆಯುತ್ತಾರೆ. ಪ್ರಮಾಣೀಕರಿಸುವ ಪ್ರಾಧಿಕಾರದ ತೀರ್ಮಾನ ಒಪ್ಪಿಗೆಯಾಗದಿದ್ದರೆ ಕಲಂ 59ರಡಿ ಮೇಲ್ಮನವಿ ಉಂಟು.

ರೋಸ್ಟರ್ ಓದುವ ಬಗೆ

ಕೇಂದ್ರದ ಪದ್ಧತಿಯನ್ನೇ ಉದಾಹರಣೆಗೆ ತೆಗೆದುಕೊಳ್ಳೋಣ. 100 ಬಿಂದುಗಳ ಒಂದು ಸುತ್ತು, ಅದರಲ್ಲಿ 25ರ ನಾಲ್ಕು ಭಾಗ. 1, 26, 51 ಮತ್ತು 76ನೇ ಬಿಂದುಗಳು ವಿಕಲಚೇತನರಿಗೆ. ಹಳೆಯ ಶೇ 3ರ ಕಾಲದಲ್ಲಿ 1, 34 ಮತ್ತು 67. ಮುಂಬಡ್ತಿಯ ವಹಿ ನೇರ ನೇಮಕಾತಿಯ ವಹಿಯಿಂದ ಬೇರೆ, ಗ್ರೂಪ್‌ಗೊಂದು.

ಒಂದು ವೃಂದದಲ್ಲಿ ಮುಂಬಡ್ತಿ ಪಾಲಿನ 60 ಹುದ್ದೆ ಒಂದಾದ ಮೇಲೊಂದು ತುಂಬಿದ್ದಾರೆ ಎನ್ನಿ. 1, 26, 51 ಮೂರೂ ದಾಟಿವೆ, ಅಂದರೆ ಮೂರು ಹುದ್ದೆ ಮೀಸಲಾಗಬೇಕಿತ್ತು. 60ರ ಶೇ 4 ಎಂದರೆ 2.4, ಅದನ್ನು 2 ಎಂದು ಇಳಿಸಿ ಹೇಳುವ ಇಲಾಖೆಗಳಿವೆ. ರೋಸ್ಟರ್ ಇರುವಲ್ಲಿ ದಶಾಂಶಕ್ಕೆ ಕೆಲಸವಿಲ್ಲ, ಬಿಂದು ದಾಟಿತೇ ಇಲ್ಲವೇ ಎಂಬುದಷ್ಟೇ ಪ್ರಶ್ನೆ. ಮೊದಲ ಬಿಂದುವೇ ಮೀಸಲಾದ್ದರಿಂದ ‘ನಮ್ಮದು ಸಣ್ಣ ವೃಂದ, 25 ಹುದ್ದೆ ಆಗಲಿ’ ಎಂಬ ಉತ್ತರವೂ ನಿಲ್ಲದು. ಮೊದಲ ಬಿಂದುವಿನ ಹುದ್ದೆ ವಿಕಲಚೇತನರಿಗೆ ಗುರುತಿಸಿದ್ದಲ್ಲದಿದ್ದರೆ 2ರಿಂದ 25ರೊಳಗಿನ ಬೇರೊಂದನ್ನು ಕೊಡಬೇಕು.

ಈಗ ವಹಿಯ ಪುಟದ ಮೇಲೆ ಬೆರಳಿಟ್ಟು ನೋಡಿ. 26ನೇ ಸಾಲು. ಹುದ್ದೆ ತೆರವಾದ ದಿನಾಂಕ, ಮುಂಬಡ್ತಿ ಪಡೆದವರ ಹೆಸರು, ‘ಮೀಸಲು/ಮೀಸಲಲ್ಲ’ ಅಂಕಣ, ಕೊನೆಗೆ ಷರಾ. ಮೀಸಲು ಅಂಕಣ ಖಾಲಿ ಇದ್ದರೆ ಅಥವಾ ‘ಅರ್ಹರು ಲಭ್ಯವಿಲ್ಲ’ ಎಂದು ಷರಾ ಇದ್ದರೆ, ಆ ದಿನಾಂಕಕ್ಕೆ ಜ್ಯೇಷ್ಠತಾ ಪಟ್ಟಿ ತೆಗೆದು ಅರ್ಹ ವಿಕಲಚೇತನರು ಯಾರಿದ್ದರು ಎಂದು ನೋಡಿ. ನೀವಿದ್ದಿರಿ, ಅರ್ಹತಾ ಸೇವೆ ಮುಗಿದಿತ್ತು, ಇಲಾಖಾ ಪರೀಕ್ಷೆ ಪಾಸಾಗಿತ್ತು ಎಂದಾದರೆ ನಿಮ್ಮ ಪ್ರಕರಣ ಆ ಒಂದು ಸಾಲಿನಲ್ಲಿದೆ. ಆ ದಿನಾಂಕಕ್ಕೆ ನಿಮಗೆ ಅರ್ಹತೆ ಇರಲಿಲ್ಲವೆಂದರೆ ಆ ಬಿಂದುವನ್ನು ಕೇಳಬೇಡಿ, ಮುಂದಿನದನ್ನು ಕೇಳಿ.

‘ಆಗಲೇ ಒಬ್ಬ ವಿಕಲಚೇತನರಿಗೆ ಮುಂಬಡ್ತಿ ಕೊಟ್ಟಿದ್ದೇವೆ’ ಎಂಬ ಉತ್ತರ ಬಂದರೂ ವಹಿಯನ್ನೇ ನೋಡಿ. ಅವರನ್ನು ಯಾವ ಬಿಂದುವಿಗೆ ತೋರಿಸಿದ್ದಾರೆ, ಯಾವ ಬಗೆಯ ವೈಕಲ್ಯ? ಚಲನವೈಕಲ್ಯದವರಿಗೆ ಕೊಟ್ಟದ್ದು ಶ್ರವಣದೋಷದ ಬಿಂದುವನ್ನು ತುಂಬುವುದಿಲ್ಲ. ಆ ವರ್ಷ ಆ ವರ್ಗದವರು ಸಿಗದಿದ್ದರೆ ಹುದ್ದೆ ಮುಂದಿನ ವರ್ಷಕ್ಕೆ ಹೋಗಬೇಕು, ಆಗಲೂ ಸಿಗದಿದ್ದರೆ ಬೇರೆ ವರ್ಗದ ವಿಕಲಚೇತನರಿಗೆ, ಅವರೂ ಇಲ್ಲದಿದ್ದರೆ ಮಾತ್ರ ಇತರರಿಗೆ. ಇದು ಕಲಂ 34(2)ರ ಕ್ರಮ.

ರಾಜ್ಯದ ವಹಿಯಲ್ಲಿ ಬಿಂದುಗಳ ಸಂಖ್ಯೆಯೂ ಪ್ರಮಾಣವೂ ಬೇರೆ ಇರಬಹುದು. ನಿಮಗೆ ಅನ್ವಯಿಸುವ ಆದೇಶದ ಅನುಬಂಧವನ್ನೇ ಮುಂದಿಟ್ಟುಕೊಂಡು ಎಣಿಸಿ.

ಮನವಿ, ಆಯುಕ್ತರು, ಕಾಲಮಿತಿ

ಮನವಿ ಒಂದೂವರೆ ಪುಟ ಸಾಕು. ಬಿಂದು, ದಿನಾಂಕ, ನಿಮ್ಮ ಅರ್ಹತೆ, ಕಲಂ, ಎರಡು ತೀರ್ಪು, ಕೋರಿಕೆ. ನೇಮಕಾತಿ ಪ್ರಾಧಿಕಾರಕ್ಕೆ ಸೂಕ್ತ ಮಾರ್ಗದಲ್ಲಿ ಕೊಡಿ, ಮುಂಗಡ ಪ್ರತಿಯನ್ನು ನೋಂದಾಯಿತ ಅಂಚೆಯಲ್ಲಿ ಕಳುಹಿಸಿ.

ತಾರತಮ್ಯದ ದೂರಾದರೆ ಕಲಂ 23ರಡಿ ಕಚೇರಿಯ ಕುಂದುಕೊರತೆ ನಿವಾರಣಾ ಅಧಿಕಾರಿಗೆ ಕೊಡಿ. ದಾಖಲಾದ ಎರಡು ವಾರದೊಳಗೆ ವಿಚಾರಣೆ ಆಗಬೇಕು, ತೃಪ್ತಿಯಾಗದಿದ್ದರೆ ಜಿಲ್ಲಾ ಮಟ್ಟದ ಸಮಿತಿ. ವಿಕಲಚೇತನರ ರಾಜ್ಯ ಆಯುಕ್ತರ ಬಳಿಗೂ ಹೋಗಬಹುದು. ಅವರ ಶಿಫಾರಸಿನ ಮೇಲೆ ಇಲಾಖೆ ಮೂರು ತಿಂಗಳಲ್ಲಿ ಕ್ರಮ ಕೈಗೊಳ್ಳಬೇಕು, ಒಪ್ಪದಿದ್ದರೆ ಕಾರಣ ತಿಳಿಸಬೇಕು. ದಾಖಲೆ ತರಿಸಲು, ಇಲಾಖೆಯಿಂದ ಲಿಖಿತ ನಿಲುವು ಹೊರಡಿಸಲು ಇದು ಒಳ್ಳೆಯ ದಾರಿ, ಖರ್ಚೂ ಇಲ್ಲ. ಆದರೆ ಅಲ್ಲಿ ತಡೆಯಾಜ್ಞೆ ನಿರೀಕ್ಷಿಸಬೇಡಿ. ಆಯುಕ್ತರಿಗೆ ಅಂಥ ಮಧ್ಯಂತರ ಆದೇಶದ ಅಧಿಕಾರವಿಲ್ಲ ಎಂದು 2010ರಲ್ಲಿ ಸ್ಟೇಟ್ ಬ್ಯಾಂಕ್ ಆಫ್ ಪಟಿಯಾಲ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆಯುಕ್ತರ ಮುಂದೆ ಪ್ರಕರಣ ಇದೆ ಎಂದು ಕೂತರೆ ನ್ಯಾಯಮಂಡಳಿಯ ಕಾಲಮಿತಿ ಕೈಜಾರುತ್ತದೆ, ಹೀಗೆ ಕೆಟ್ಟ ಪ್ರಕರಣಗಳೇ ಹೆಚ್ಚು.

ಆ ಕಾಲಮಿತಿ ಹೀಗಿದೆ. ಆಡಳಿತ ನ್ಯಾಯಮಂಡಳಿಗಳ ಅಧಿನಿಯಮ, 1985ರ ಕಲಂ 21ರಂತೆ ಅಂತಿಮ ಆದೇಶದಿಂದ ಒಂದು ವರ್ಷ. ಮನವಿಗೆ ಉತ್ತರವೇ ಬರದಿದ್ದರೆ ಆರು ತಿಂಗಳು ಕಾಯ್ದು, ಅಲ್ಲಿಂದ ಒಂದು ವರ್ಷ. ನಿಮ್ಮನ್ನು ಬಿಟ್ಟ ಮುಂಬಡ್ತಿ ಆದೇಶ 2025ರ ಮಾರ್ಚ್ 10ರದು, ಮನವಿ ಏಪ್ರಿಲ್ 1ರದು ಎಂದಿಟ್ಟುಕೊಳ್ಳಿ. ಕಾಗದದ ಲೆಕ್ಕದಲ್ಲಿ 2026ರ ಸೆಪ್ಟೆಂಬರ್ ಕೊನೆಯವರೆಗೆ ಸಮಯವಿದೆ. ಆದರೆ ನಿಯಮದಲ್ಲಿ ಅವಕಾಶವಿಲ್ಲದ ಮನವಿ ಕಾಲಮಿತಿಯನ್ನು ಹಿಗ್ಗಿಸದು ಎಂದು ಎಸ್.ಎಸ್. ರಾಥೋಡ್ (1989) ತೀರ್ಪು ಹೇಳುವುದರಿಂದ 2026ರ ಮಾರ್ಚ್ 10ನ್ನೇ ಕೊನೆಯ ದಿನ ಎಂದು ಗೋಡೆಯ ಕ್ಯಾಲೆಂಡರಿನಲ್ಲಿ ಗುರುತು ಹಾಕಿ. ಎರಡನೆಯ, ಮೂರನೆಯ ಜ್ಞಾಪನಾ ಮನವಿಗಳಿಂದ ಹೊಸ ದಿನಾಂಕ ಹುಟ್ಟುವುದಿಲ್ಲ. ತಡವಾಗಿದ್ದರೆ ವಿಳಂಬ ಮನ್ನಾ ಅರ್ಜಿಯನ್ನು ಜೊತೆಗೇ ಹಾಕಿ, ದಿನ ದಿನದ ಕಾರಣ ಬರೆದು.

ಅರ್ಜಿ ಹಾಕುವಾಗ

ರಾಜ್ಯ ನೌಕರರು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ (ಬೆಂಗಳೂರು, ಬೆಳಗಾವಿ, ಕಲಬುರಗಿ ಪೀಠ) ಹೋಗಬೇಕು. ಕೇಂದ್ರ ನೌಕರರು ಕೇಂದ್ರ ಆಡಳಿತ ನ್ಯಾಯಮಂಡಳಿಗೆ, ಅಲ್ಲಿ ಅರ್ಜಿ ಶುಲ್ಕ 50 ರೂಪಾಯಿ. ನ್ಯಾಯಮಂಡಳಿಯ ವ್ಯಾಪ್ತಿಗೆ ಬಾರದ ನಿಗಮ, ಮಂಡಳಿ, ವಿಶ್ವವಿದ್ಯಾಲಯ ಹಾಗೂ ನ್ಯಾಯಾಂಗ ಇಲಾಖೆಯ ನೌಕರರಿಗೆ ಹೈಕೋರ್ಟಿನ ರಿಟ್. ತಪ್ಪು ಬಾಗಿಲು ತಟ್ಟಿ ಎರಡು ವರ್ಷ ಕಳೆದವರಿದ್ದಾರೆ, ನಿಮ್ಮ ಸಂಸ್ಥೆ ಯಾವ ನ್ಯಾಯಮಂಡಳಿಯ ವ್ಯಾಪ್ತಿಯಲ್ಲಿದೆ ಎಂದು ವಕೀಲರಿಂದ ಮೊದಲೇ ಖಚಿತಪಡಿಸಿಕೊಳ್ಳಿ.

ಪ್ರತಿವಾದಿಗಳನ್ನು ಸೇರಿಸುವಲ್ಲಿ ಜಿಪುಣತನ ಬೇಡ. ನಿಮ್ಮ ಬಿಂದುವಿನಲ್ಲಿ ಮುಂಬಡ್ತಿ ಪಡೆದ ಸಹೋದ್ಯೋಗಿಯನ್ನು ಹೆಸರಿಸದೆ ಅವರ ಮುಂಬಡ್ತಿ ರದ್ದು ಕೇಳಿದರೆ ಅರ್ಜಿ ಅದೊಂದೇ ಕಾರಣಕ್ಕೆ ಬೀಳಬಹುದು. ಒಂದೇ ಕೊಠಡಿಯಲ್ಲಿ ಕೂರುವವರ ಮೇಲೆ ಕೇಸು ಹಾಕಲು ಮನಸ್ಸಾಗುವುದಿಲ್ಲ, ಸಹಜ. ಅದಕ್ಕೆ ಕೋರಿಕೆಯನ್ನು ಬೇರೆ ರೀತಿ ಕಟ್ಟಬಹುದು: ಅವರ ಮುಂಬಡ್ತಿ ರದ್ದು ಕೇಳದೆ, ಈಗ ಇರುವ ಅಥವಾ ಮುಂದೆ ತೆರವಾಗುವ ಹುದ್ದೆಯಲ್ಲಿ ನಿಮ್ಮನ್ನು ಹೊಂದಿಸಿ ಹಿಂದಿನ ದಿನಾಂಕದಿಂದ ಕಾಲ್ಪನಿಕ ಲಾಭ ಕೇಳುವುದು. ಜ್ಯೇಷ್ಠತೆಯಲ್ಲಿ ಅವರಿಗಿಂತ ಮೇಲೆ ಹೋಗಬೇಕೆಂದಿದ್ದರೆ ಮಾತ್ರ ಹೆಸರಿಸಲೇಬೇಕು.

ಕೋರಿಕೆಯ ಒಂದು ಮಾದರಿ:

‘ಮುಂಬಡ್ತಿ ರೋಸ್ಟರಿನ 26ನೇ ಬಿಂದುವನ್ನು ಚಲನವೈಕಲ್ಯ ಹೊಂದಿದವರಿಗೆ ಮೀಸಲಿಡದಿರುವುದು 2016ರ ಅಧಿನಿಯಮದ ಕಲಂ 34ಕ್ಕೆ ವಿರುದ್ಧವೆಂದು ಘೋಷಿಸಬೇಕು, ಆ ಬಿಂದು ಒದಗಿದ ದಿನಾಂಕದಿಂದ ಅರ್ಜಿದಾರರನ್ನು ಮುಂಬಡ್ತಿಗೆ ಪರಿಗಣಿಸಿ, ಅರ್ಹರೆಂದು ಕಂಡುಬಂದಲ್ಲಿ ಆ ದಿನಾಂಕದಿಂದ ಕಾಲ್ಪನಿಕ ಮುಂಬಡ್ತಿ, ವೇತನ ನಿಗದಿ ಮತ್ತು ಜ್ಯೇಷ್ಠತೆ ನೀಡಲು, ಮೂರು ತಿಂಗಳೊಳಗೆ ಕಾರಣಸಹಿತ ಆದೇಶ ಹೊರಡಿಸಲು ನಿರ್ದೇಶಿಸಬೇಕು.’

‘ಪರಿಗಣಿಸಿ’ ಎಂಬ ಪದ ಅಲ್ಲಿ ಇರಲೇಬೇಕು. ನೌಕರನಿಗಿರುವುದು ಪರಿಗಣನೆಯ ಹಕ್ಕು. ನೇರವಾಗಿ ‘ಮುಂಬಡ್ತಿ ಕೊಡಿ’ ಎಂದರೆ ನ್ಯಾಯಮಂಡಳಿ ಸಮಿತಿಯ ಕೆಲಸ ತಾನು ಮಾಡುವುದಿಲ್ಲ ಎನ್ನುತ್ತದೆ. ದಿನಾಂಕ ಮತ್ತು ಗಡುವು ಇಲ್ಲದಿದ್ದರೆ ಗೆದ್ದ ಆದೇಶವೂ ಕಡತದಲ್ಲಿ ಮಲಗುತ್ತದೆ.

ಮಧ್ಯಂತರ ಆದೇಶವಾಗಿ ಇಡೀ ಪಟ್ಟಿಗೆ ತಡೆ ಕೇಳಬೇಡಿ. ನೂರು ಜನರ ಮುಂಬಡ್ತಿ ನಿಲ್ಲಿಸಲು ನ್ಯಾಯಮಂಡಳಿ ಹಿಂಜರಿಯುತ್ತದೆ, ಸಹೋದ್ಯೋಗಿಗಳೆಲ್ಲ ಎದುರು ನಿಲ್ಲುತ್ತಾರೆ. ‘ಒಂದು ಹುದ್ದೆ ಖಾಲಿ ಇಡಿ’ ಅಥವಾ ‘ಮುಂಬಡ್ತಿಗಳು ಅಂತಿಮ ಆದೇಶಕ್ಕೆ ಒಳಪಟ್ಟಿರಲಿ’ ಎಂದು ಕೇಳಿದರೆ ಸಿಗುವ ಸಂಭವ ಹೆಚ್ಚು. ಆಡಳಿತ ನ್ಯಾಯಮಂಡಳಿಗಳ ಅಧಿನಿಯಮದ ಕಲಂ 24ರಂತೆ ಎದುರಾಳಿಗೆ ಪ್ರತಿ ಕೊಟ್ಟು ಅವಕಾಶ ನೀಡಿದ ಮೇಲಷ್ಟೇ ಮಧ್ಯಂತರ ಆದೇಶ. ತುರ್ತಿನಲ್ಲಿ ಏಕಪಕ್ಷೀಯವಾಗಿ ಸಿಕ್ಕಿದ್ದು 14 ದಿನಕ್ಕೆ ಮುಗಿಯುತ್ತದೆ, ಆ ದಿನ ವಕೀಲರು ಹಾಜರಿರುವಂತೆ ನೋಡಿಕೊಳ್ಳಿ.

ಇಲಾಖೆಯ ಆಕ್ಷೇಪಣೆಯಲ್ಲಿ ಬಹಳ ಸಲ ಬರುವ ಮಾತು ‘ಮೇಲಿನ ಹುದ್ದೆಯನ್ನು ಗುರುತಿಸಿಲ್ಲ’. ಕೇಂದ್ರ ಸರ್ಕಾರ 2021ರ ಜನವರಿ 4ರಂದು ಪ್ರಕಟಿಸಿದ ಹುದ್ದೆಗಳ ಪಟ್ಟಿಯ ಟಿಪ್ಪಣಿ ಓದಿ: ಕೆಳಗಿನ ಹುದ್ದೆ ಗುರುತಿಸಲ್ಪಟ್ಟಿದ್ದರೆ ಮುಂಬಡ್ತಿಯ ಹುದ್ದೆಯೂ ಗುರುತಿಸಲ್ಪಟ್ಟಂತೆ. ಇನ್ನೊಂದು, ‘ಪರಿಗಣನಾ ವ್ಯಾಪ್ತಿಯಲ್ಲಿ (ಜ್ಯೇಷ್ಠತೆಯಂತೆ ಸಮಿತಿ ಪರಿಶೀಲಿಸುವಷ್ಟು ಹೆಸರುಗಳಲ್ಲಿ) ಇವರು ಇರಲಿಲ್ಲ’. ಕೇಂದ್ರದ ಸೂಚನೆಗಳಲ್ಲಿ ಆಯ್ಕೆಯ ಮುಂಬಡ್ತಿಗೆ ಸಾಮಾನ್ಯ ವ್ಯಾಪ್ತಿಯಲ್ಲಿ ವಿಕಲಚೇತನರು ಸಿಗದಿದ್ದರೆ ಹುದ್ದೆಗಳ ಐದು ಪಟ್ಟಿನವರೆಗೆ ವ್ಯಾಪ್ತಿ ಹಿಗ್ಗಿಸಬೇಕೆಂದಿದೆ. ಸಮಿತಿಯ ನಡವಳಿಯಲ್ಲಿ ಹಾಗೆ ಹಿಗ್ಗಿಸಿದ ದಾಖಲೆ ಇದೆಯೇ ನೋಡಿ.

ಆದೇಶ ಕೈಗೆ ಬಂದ ಮೇಲೆ

ದೃಢೀಕೃತ ಪ್ರತಿಯನ್ನು ಮುಖಪತ್ರದೊಂದಿಗೆ ಅದೇ ವಾರ ಸಲ್ಲಿಸಿ, ಗಡುವು ಎಣಿಕೆಯಾಗುವುದು ಸಾಮಾನ್ಯವಾಗಿ ಆ ದಿನದಿಂದ. ಗಡುವು ಮುಗಿದರೂ ಇಲಾಖೆ ಸುಮ್ಮನಿದ್ದರೆ ನ್ಯಾಯಾಂಗ ನಿಂದನೆ ಅರ್ಜಿ, ಅದಕ್ಕೂ ಒಂದು ವರ್ಷದ ಮಿತಿ. ಇಲಾಖೆ ‘ಪರಿಗಣಿಸಿದೆವು, ಅರ್ಹರಲ್ಲ’ ಎಂದು ಹಿಂಬರಹ ಕೊಟ್ಟರೆ ನಿಂದನೆ ಅರ್ಜಿ ನಿಲ್ಲುವುದು ಕಷ್ಟ. ಆ ಹಿಂಬರಹವೇ ಹೊಸ ವ್ಯಾಜ್ಯ ಕಾರಣ, ಅದನ್ನು ಪ್ರಶ್ನಿಸಿ ಹೊಸ ಅರ್ಜಿ ಹಾಕಿ. ನ್ಯಾಯಮಂಡಳಿಯಲ್ಲಿ ಸೋತರೆ ಹೈಕೋರ್ಟಿನ ವಿಭಾಗೀಯ ಪೀಠದ ಮುಂದೆ ರಿಟ್. ನಡುವೆ ನಿವೃತ್ತಿಯಾದರೂ ಪ್ರಕರಣ ಬಿಡಬೇಡಿ: ಕಾಲ್ಪನಿಕ ಮುಂಬಡ್ತಿ ಸಿಕ್ಕರೆ ಕೊನೆಯ ವೇತನ ಮರುನಿಗದಿಯಾಗಿ ಪಿಂಚಣಿ ಮತ್ತು ಉಪದಾನದ ಮೊತ್ತ ಬದಲಾಗಬಹುದು. ಆ ಮರುನಿಗದಿಯ ಕೋರಿಕೆಯನ್ನು ಮೊದಲ ಅರ್ಜಿಯಲ್ಲೇ ಬರೆದಿರಿ.